ಸಿಹಿ-ಹುಳಿ ಸೌತೆಕಾಯಿ ಸಲಾಡ್: ಪದೇ ಪದೇ ಕೇಳುವ ಪ್ರಶ್ನೆಗಳು

ತುಮಕೂರು, ಕೋಲಾರ, ಚಿಕ್ಕಬಳ್ಳಾಪುರದ ಕಡೆಯಿಂದ ಮಾತಿನಲ್ಲೂ ಪತ್ರದಲ್ಲೂ ತಿರುತಿರುಗಿ ಬರುವ ಪ್ರಶ್ನೆಗಳಿವು. ಕೇಳಿದವರ ಮಾತಿನಲ್ಲೇ ಇಟ್ಟಿದ್ದೇವೆ. ಅಳತೆಯಲ್ಲಿ ದೊಡ್ಡ ಚಮಚ (ಬರೀ ಚಮಚ ಎಂದಿದ್ದರೂ ಇದೇ) ಎಂದರೆ 15 ಮಿ.ಲೀ., ಚಿಕ್ಕ ಚಮಚ ಎಂದರೆ 5 ಮಿ.ಲೀ., ಲೋಟ ಎಂದರೆ 200 ಮಿ.ಲೀ. ಹಿಡಿಯುವ ಸ್ಟೀಲ್ ಲೋಟ.

## ಶುರು ಮಾಡುವವರಿಗೆ

ಇದೂ ಕೋಸಂಬರಿನೇ ತಾನೇ? ಹೆಸರು ಬದಲಾಯಿಸಿದ್ದಾರೆ ಅಷ್ಟೇ ಅಲ್ವಾ?

ಅಲ್ಲ. ಕೋಸಂಬರಿಯಲ್ಲಿ ನೆನೆಸಿದ ಹೆಸರುಬೇಳೆ, ಕಾಯಿತುರಿ ಇರುತ್ತವೆ. ಸೌತೆಕಾಯಿ ಬಿಡುವ ನೀರನ್ನು ಅವು ಒಂದಷ್ಟು ಹಿಡಿದುಕೊಳ್ಳುತ್ತವೆ. ಹುಳಿ ಎಂದರೆ ಕೊನೆಯಲ್ಲಿ ಹಿಂಡುವ ಅರ್ಧ ಹೋಳು ನಿಂಬೆಹಣ್ಣು, ಅಷ್ಟೇ. ಈ ಸಲಾಡಿನಲ್ಲಿ ಬೇಳೆಯೂ ಇಲ್ಲ, ಕಾಯಿಯೂ ಇಲ್ಲ. ಇರುವುದು ಸೌತೆಕಾಯಿ ಮತ್ತು ಸಿಹಿ-ಹುಳಿಯ ರಸ. ಹಾಗಾಗಿ ಸೌತೆಯ ನೀರನ್ನು ನಾವೇ ಮೊದಲು ತೆಗೆದು, ಆ ಜಾಗಕ್ಕೆ ರಸ ಇಳಿಸಬೇಕು. ಇಡೀ ಕೆಲಸ ಇರುವುದು ಇಲ್ಲೇ. ಉಳಿದದ್ದು ಹೆಚ್ಚುವುದು, ಕಲಸುವುದು. ರಾಮನವಮಿಯಲ್ಲಿ ಪಾನಕದ ಪಕ್ಕಕ್ಕೆ ಕೋಸಂಬರಿಯೇ ಇರಲಿ, ಅದರ ಜಾಗಕ್ಕೆ ಇದನ್ನು ತರಬೇಡಿ.

ಸರಿಯಾದ ಅಳತೆ ಹೇಳಿ. "ರುಚಿಗೆ ತಕ್ಕಷ್ಟು" ಅನ್ಬೇಡಿ.

ನಾಲ್ಕು ಜನಕ್ಕೆ: ಎಳೆ ಸೌತೆಕಾಯಿ 500 ಗ್ರಾಂ, ಪುಡಿ ಉಪ್ಪು 1 ಚಿಕ್ಕ ಚಮಚ (6 ಗ್ರಾಂ), ಬಿಳಿ ವಿನೆಗರ್ 3 ದೊಡ್ಡ ಚಮಚ, ಸಕ್ಕರೆ 2 ದೊಡ್ಡ ಚಮಚ (25 ಗ್ರಾಂ), ಹಸಿಮೆಣಸಿನಕಾಯಿ 1, ಒಂದು ಹಿಡಿ ಕೊತ್ತಂಬರಿ ಸೊಪ್ಪು. ಬೇಕಿದ್ದರೆ ಅರ್ಧ ಈರುಳ್ಳಿ.

ಸೌತೆಕಾಯಿಯನ್ನು ಬಿಲ್ಲೆಗಳಾಗಿ ಹೆಚ್ಚಿ. ದಪ್ಪ 2ರಿಂದ 3 ಮಿ.ಮೀ. ಇರಲಿ, ಒಂದು ರೂಪಾಯಿಯ ಎರಡು ನಾಣ್ಯ ಒಂದರ ಮೇಲೊಂದು ಇಟ್ಟಷ್ಟು ದಪ್ಪ ದಾಟಬಾರದು. ಅಗಲ ಬಾಯಿಯ ಪಾತ್ರೆಗೆ ಹಾಕಿ, ಉಪ್ಪು ಉದುರಿಸಿ, ಎಲ್ಲಾ ಬಿಲ್ಲೆಗೂ ತಗಲುವಂತೆ ಕೈಯಲ್ಲಿ ಮೇಲೆ ಕೆಳಗೆ ಮಾಡಿ 20 ನಿಮಿಷ ಬಿಡಿ. ಅಷ್ಟರಲ್ಲಿ ಇನ್ನೊಂದು ಬಟ್ಟಲಲ್ಲಿ ವಿನೆಗರ್‌ಗೆ ಸಕ್ಕರೆ ಹಾಕಿ ಕದಡುತ್ತಾ ಇರಿ. ಕಾಯಿಸಬೇಕಿಲ್ಲ, ಎರಡು ಮೂರು ನಿಮಿಷದಲ್ಲಿ ತಾನೇ ಕರಗುತ್ತದೆ. ಬಟ್ಟಲಿನ ತಳದಲ್ಲಿ ಚಮಚ ಎಳೆದಾಗ ಕರಕರ ಸದ್ದು ಬರಬಾರದು.

20 ನಿಮಿಷ ಆದ ಮೇಲೆ ಒಂದು ಬಿಲ್ಲೆ ಎತ್ತಿ ಮಡಚಿ ನೋಡಿ. ಮುರಿಯದೆ ಬಾಗಿದರೆ ಸಿದ್ಧ. ಪಟ್ಟನೆ ಮುರಿದರೆ ಇನ್ನೂ ಹತ್ತು ನಿಮಿಷ ಬೇಕು. ಸಿದ್ಧವಾದದ್ದನ್ನು ಹಿಡಿ ಹಿಡಿಯಾಗಿ ತೆಗೆದುಕೊಂಡು ಎರಡೂ ಅಂಗೈ ನಡುವೆ ಒತ್ತಿ ನೀರು ಇಳಿಸಿ. ಬಟ್ಟೆ ಹಿಂಡಿದ ಹಾಗೆ ತಿರುಚಿದರೆ ಬಿಲ್ಲೆ ಚೂರಾಗುತ್ತದೆ. ಒಂದು ತುಂಡು ಬಾಯಿಗೆ ಹಾಕಿ ನೋಡಿ. ಉಪ್ಪು ಜಾಸ್ತಿ ಅನ್ನಿಸಿದರೆ ಒಂದೇ ಒಂದು ಸಲ ತಣ್ಣೀರಿನಲ್ಲಿ ಅಲುಗಿಸಿ ಮತ್ತೆ ಒತ್ತಿ. ಆಮೇಲೆ ಸಿಹಿ-ಹುಳಿಯ ರಸ, ಮೆಣಸಿನಕಾಯಿ ಸೇರಿಸಿ 15 ನಿಮಿಷ ಫ್ರಿಜ್‌ನಲ್ಲಿಡಿ. ಕೊತ್ತಂಬರಿ ಸೊಪ್ಪು ಬಡಿಸುವಾಗ.

ಸಂತೇಲಿ ನಾಲ್ಕು ಥರ ಸೌತೆಕಾಯಿ ಇರುತ್ತೆ. ಯಾವುದು ತರಲಿ?

ಮೊದಲ ಆಯ್ಕೆ ಪಾಲಿಹೌಸಿನಲ್ಲಿ ಬೆಳೆದ ಉದ್ದನೆಯ ಕಡುಹಸಿರು ಕಾಯಿ. ಅಂಗಡಿಯವರು ಇಂಗ್ಲಿಷ್ ಸೌತೆ ಎನ್ನುತ್ತಾರೆ. ಬೀಜ ಇಲ್ಲವೆನ್ನುವಷ್ಟು ಕಡಿಮೆ, ಸಿಪ್ಪೆ ತೆಳು, ಕಹಿ ಬರುವುದು ಅಪರೂಪ. ಎರಡನೆಯದು ನಾಟಿ ಸೌತೆ: ಗಿಡ್ಡ, ತಿಳಿಹಸಿರು, ಮೈಮೇಲೆ ಬಿಳಿ ಗೀರು. ಪರಿಮಳದಲ್ಲಿ ಅದನ್ನು ಮೀರಿಸುವುದು ಇನ್ನೊಂದಿಲ್ಲ, ಆದರೆ ಎಳೆಯದೇ ಆಗಿರಬೇಕು. ಹೊಟ್ಟೆ ಭಾಗ ಹಳದಿಗೆ ತಿರುಗಿದ್ದರೆ ಬೀಜ ಬಲಿತಿದೆ ಎಂದೇ ಅರ್ಥ. ಮಾಮೂಲಿ ಹೈಬ್ರಿಡ್ ಹಸಿರು ಸೌತೆ ಇವೆರಡರ ನಡುವೆ ಬರುತ್ತದೆ, ಧಾರಾಳವಾಗಿ ಬಳಸಿ.

ಮಂಗಳೂರು ಸೌತೆ ಬೇಡ. ಅದು ಸಾಂಬಾರಿಗೆ, ಹುಳಿಗೆ ಸೇರಿದ್ದು. ಹಸಿಯಾಗಿ ತಿಂದರೆ ಗಡುಸು. ಆಂಧ್ರದ ಗಡಿ ಕಡೆ, ಪಾವಗಡ, ಬಾಗೇಪಲ್ಲಿ, ಮುಳಬಾಗಿಲಿನ ಸಂತೆಗಳಲ್ಲಿ ದೋಸಕಾಯಿ ಎಂದು ಸಿಗುವ ಹಳದಿ ಗುಂಡುಕಾಯಿ ಮಾತ್ರ ಆಗಬಹುದು. ಅದಕ್ಕೆ ಸಿಪ್ಪೆ, ಬೀಜ ಎರಡನ್ನೂ ತೆಗೆದು, ತಿರುಳು ಮತ್ತು ಬೀಜ ಬೇರೆ ಬೇರೆ ರುಚಿ ನೋಡಿ, ಕಹಿ ಇಲ್ಲವೆಂದು ಖಾತ್ರಿ ಮಾಡಿಕೊಂಡು ಸಣ್ಣಗೆ ಹೆಚ್ಚಿ.

ಕೊಳ್ಳುವಾಗ ಎರಡೂ ತುದಿಯನ್ನು ಹೆಬ್ಬೆರಳಲ್ಲಿ ಒತ್ತಿ. ಮೆತ್ತಗಿದ್ದರೆ ಹಳೇ ಮಾಲು. ಗಾತ್ರ ಒಂದೇ ಆಗಿರುವ ಎರಡು ಕಾಯಿಯಲ್ಲಿ ತೂಕ ಹೆಚ್ಚಿರುವುದನ್ನು ಆರಿಸಿ.

ಸಿಪ್ಪೆ ತೆಗೀಬೇಕಾ? ಬೀಜ?

ಎಳೆ ಕಾಯಿಗೆ ಎರಡೂ ಬೇಡ. ಸಿಪ್ಪೆ ದಪ್ಪ ಇದ್ದರೆ ಪಟ್ಟೆ ಪಟ್ಟೆಯಾಗಿ ಒಂದು ಬಿಟ್ಟು ಒಂದು ತೆಗೆಯಿರಿ. ಆಗ ಬಿಲ್ಲೆಗೆ ಹಿಡಿತವೂ ಉಳಿಯುತ್ತದೆ, ರಸವೂ ಒಳಗಿಳಿಯುತ್ತದೆ. ಕೈಗೆ ಮೇಣದಂತೆ ಜಾರುವ ಹೊಳಪಿನ ಕಾಯಿಯಾದರೆ ಪೂರ್ತಿ ಸಿಪ್ಪೆ ತೆಗೆಯುವುದೇ ಲೇಸು. ಬಲಿತ ಬೀಜವಿದ್ದರೆ ಕಾಯಿಯನ್ನು ಉದ್ದಕ್ಕೆ ಸೀಳಿ, ಚಮಚದ ಅಂಚಿನಲ್ಲಿ ನಡುವಿನ ಲೋಳೆ ಕೆರೆದು ತೆಗೆದು, ಅರ್ಧಚಂದ್ರಾಕಾರಕ್ಕೆ ಹೆಚ್ಚಿ. ಸಲಾಡು ತೆಳ್ಳಗಾಗಲು ಅರ್ಧ ಕಾರಣ ಆ ಲೋಳೆಯೇ.

ತೊಳೆಯುವುದನ್ನು ಹೆಚ್ಚುವ ಮೊದಲೇ ಮುಗಿಸಿ, ಹರಿಯುವ ನೀರಿನಲ್ಲಿ ಕೈಯಿಂದ ಉಜ್ಜಿ. ಸಿಪ್ಪೆ ತೆಗೆಯುವವರೂ ತೊಳೆಯಬೇಕು. ಇಲ್ಲದಿದ್ದರೆ ಮೇಲಿನ ಕೊಳೆಯನ್ನು ಚಾಕುವೇ ಒಳಕ್ಕೆ ಕೊಂಡೊಯ್ಯುತ್ತದೆ.

ತುದಿ ಕತ್ತರಿಸಿ ಉಜ್ಜಿ ನೊರೆ ತೆಗೆದರೆ ಕಹಿ ಹೋಗುತ್ತಾ? ನಮ್ಮಜ್ಜಿ ಹಾಗೇ ಮಾಡ್ತಿದ್ರು.

ಅಜ್ಜಿ ತುದಿ ಕತ್ತರಿಸಿದ್ದು ಸರಿ. ಉಜ್ಜಿದ್ದರಿಂದ ಆದದ್ದು ಕಡಿಮೆ. ಕಹಿಗೆ ಕಾರಣ ಕುಕರ್ಬಿಟಾಸಿನ್ ಎಂಬ ವಸ್ತು. ಅದು ತೊಟ್ಟಿನ ಕಡೆಯ ತುದಿಯಲ್ಲಿ ಮತ್ತು ಸಿಪ್ಪೆಯ ಕೆಳಗಿನ ಪದರದಲ್ಲಿ ಹೆಚ್ಚು. ಬಳ್ಳಿಗೆ ನೀರು ಸಾಲದೆ ಬಿಸಿಲಿಗೆ ಬಾಡಿದಾಗ ಹೆಚ್ಚಾಗುತ್ತದೆ, ಹಾಗಾಗಿ ಏಪ್ರಿಲ್ ಬಿಸಿಲಿನ ಕಾಯಿಯಲ್ಲಿ ಜಾಸ್ತಿ ಕಾಣುತ್ತದೆ. ತೊಟ್ಟಿನ ಕಡೆ ಎರಡು ಬೆರಳಗಲ ಕತ್ತರಿಸಿ ಬಿಸಾಡಿ, ಅಲ್ಲಿಂದಾಚೆಗಿನ ಒಂದು ತುಂಡು ರುಚಿ ನೋಡಿ. ಕಹಿಯಿದ್ದರೆ ಸಿಪ್ಪೆ ದಪ್ಪಗೆ ತೆಗೆದು ಮತ್ತೆ ನೋಡಿ.

ಆಮೇಲೂ ಕಹಿಯಿದ್ದರೆ ಆ ಕಾಯಿ ಬಿಸಾಡಿ. ಸಕ್ಕರೆ, ಹುಳಿ ಹಾಕಿದರೆ ಕಹಿ ಮುಚ್ಚಿಹೋಗಬಹುದು, ವಸ್ತು ಹೋಗುವುದಿಲ್ಲ. ಅತಿ ಕಹಿಯಾದ ಸೋರೆಕಾಯಿ, ಸೌತೆಕಾಯಿ ತಿಂದರೆ ವಾಂತಿ, ಭೇದಿ ಆಗುತ್ತದೆ. ಒಂದೊಂದು ಕಾಯಿಯನ್ನೂ ಬೇರೆ ಬೇರೆಯಾಗಿ ರುಚಿ ನೋಡುವುದು ಇದಕ್ಕೇ. ಒಂದು ಕಹಿಕಾಯಿ ಇಡೀ ಪಾತ್ರೆ ಕೆಡಿಸುತ್ತದೆ.

## ನೀರು, ಉಪ್ಪು, ಹುಳಿ, ಸಿಹಿ

ಕಲಸಿ ಹತ್ತು ನಿಮಿಷ ಆಗಿಲ್ಲ, ಸಾರು ಥರ ಆಗ್ಬಿಡುತ್ತೆ. ಎಲ್ಲಿ ತಪ್ಪುತ್ತಿದೆ?

ಅತಿ ಹೆಚ್ಚು ಬರುವ ಪ್ರಶ್ನೆ ಇದೇ. ಸೌತೆಕಾಯಿಯ ತೂಕದಲ್ಲಿ ಸುಮಾರು ಶೇ 95ರಷ್ಟು ನೀರು. ಉಪ್ಪೋ ಸಕ್ಕರೆಯೋ ಹೊರಗೆ ಬಿದ್ದ ಕೂಡಲೇ ಒಳಗಿನ ನೀರು ಅದರ ಕಡೆಗೆ ಹರಿದು ಬರುತ್ತದೆ. ತಡೆಯುವುದಕ್ಕೆ ಆಗುವುದಿಲ್ಲ. ನಮ್ಮ ಕೈಯಲ್ಲಿರುವುದು ಅದು ಯಾವಾಗ ಹೊರಬರಬೇಕು ಎನ್ನುವುದು ಮಾತ್ರ. ಮೊದಲೇ ಉಪ್ಪು ಹಾಕಿ ಬಿಟ್ಟರೆ ಪಾತ್ರೆಯಲ್ಲಿ ಬಿಡುತ್ತದೆ, ಚೆಲ್ಲಬಹುದು. ಎಲ್ಲವನ್ನೂ ಒಟ್ಟಿಗೆ ಕಲಸಿದರೆ ತಟ್ಟೆಯಲ್ಲಿ ಬಿಡುತ್ತದೆ, ರಸದ ಹುಳಿ-ಸಿಹಿ ಎರಡನ್ನೂ ತೆಳು ಮಾಡುತ್ತದೆ. ಸಪ್ಪೆಯಾಯಿತೆಂದು ಮತ್ತಷ್ಟು ಉಪ್ಪು ಹಾಕುತ್ತೀರಿ, ಇನ್ನಷ್ಟು ನೀರು ಬರುತ್ತದೆ.

500 ಗ್ರಾಂ ಕಾಯಿಗೆ ಮೇಲೆ ಹೇಳಿದಂತೆ ಮಾಡಿದರೆ ಕಾಲು ಲೋಟದಿಂದ ಅರ್ಧ ಲೋಟದವರೆಗೆ ನೀರು ಇಳಿಯುತ್ತದೆ. ಅದಕ್ಕಿಂತ ತೀರಾ ಕಡಿಮೆ ಬಂದರೆ ಮೂರು ಕಾರಣ ನೋಡಿ: ಬಿಲ್ಲೆ ದಪ್ಪ ಆಗಿದೆ, ಉಪ್ಪು ಒಂದೇ ಕಡೆ ಬಿದ್ದಿದೆ, ಅಥವಾ ಕಾಯಿ ಫ್ರಿಜ್‌ನಿಂದ ತೆಗೆದ ಹಾಗೇ ತಣ್ಣಗಿತ್ತು. ತಣ್ಣನೆಯ ಕಾಯಿ ನಿಧಾನವಾಗಿ ನೀರು ಬಿಡುತ್ತದೆ. ಕಲ್ಲುಪ್ಪು ಬಳಸುವವರಿಗೆ ಇನ್ನೊಂದು ತೊಂದರೆ: ಹರಳು ಕರಗಲು ಹೊತ್ತು ಬೇಕು, ಚಮಚದ ಅಳತೆಯೂ ಹೊಂದುವುದಿಲ್ಲ. ಕುಟ್ಟಿ ಪುಡಿ ಮಾಡಿ ಅಳೆಯಿರಿ.

ಹಾಗೆ ಹಿಂಡಿದ್ರೆ ಸತ್ವ ಎಲ್ಲಾ ಹೋಗಲ್ವಾ? ಆ ನೀರು ಚೆಲ್ಲೋಕೆ ಮನಸ್ಸು ಬರಲ್ಲ.

ನೀರಿನಲ್ಲಿ ಕರಗುವ ಒಂದಷ್ಟು ಹೋಗುತ್ತದೆ, ನಾರು ಹಾಗೇ ಉಳಿಯುತ್ತದೆ. ಸತ್ವದ ಲೆಕ್ಕವೇ ಮುಖ್ಯವಾದರೆ ಸೌತೆಕಾಯಿಯನ್ನು ಹಾಗೇ ಕಚ್ಚಿ ತಿನ್ನುವುದು ಒಳ್ಳೆಯದು, ಅದರಲ್ಲಿ ಎರಡು ಮಾತಿಲ್ಲ. ಚೆಲ್ಲಲು ಮನಸ್ಸಿಲ್ಲದಿದ್ದರೆ ಆ ನೀರನ್ನು ಮಜ್ಜಿಗೆಗೆ ಹಾಕಿ. ಉಪ್ಪು ಅದರಲ್ಲೇ ಇರುವುದರಿಂದ ಮಜ್ಜಿಗೆಗೆ ಬೇರೆ ಉಪ್ಪು ಬೇಡ. ಇಂಗು, ಕರಿಬೇವು ಸೇರಿಸಿದರೆ ಒಳ್ಳೆಯ ನೀರುಮಜ್ಜಿಗೆ. ಗಿಡಕ್ಕೆ ಮಾತ್ರ ಹಾಕಬೇಡಿ, ಉಪ್ಪು ಬೇರಿಗೆ ಕೆಟ್ಟದ್ದು.

ನಮ್ಮನೇಲಿ ವಿನೆಗರ್ ತರಲ್ಲ. ನಿಂಬೆಹಣ್ಣು, ಹುಣಸೆಹಣ್ಣು, ಮಾವಿನಕಾಯಿ ಯಾವುದಾದರೂ ಆಗುತ್ತಾ?

ಮೂರೂ ಆಗುತ್ತವೆ, ಮೂರರ ದಾರಿ ಬೇರೆ.

ನಿಂಬೆಹಣ್ಣು ಸುಲಭದ್ದು. ರಸ ಚೆನ್ನಾಗಿ ಬರುವ ಎರಡು ಹಣ್ಣು, ಅಂದರೆ 2ರಿಂದ 3 ದೊಡ್ಡ ಚಮಚ ರಸ. ಸಕ್ಕರೆ ಅದೇ 2 ದೊಡ್ಡ ಚಮಚ. ಮೃದುವಾಗಿ ಹಿಂಡಿ. ಸಿಪ್ಪೆ ನುಜ್ಜಾಗುವಂತೆ ಹಿಂಡಿದರೂ ಬೀಜ ಬಿದ್ದರೂ ಸ್ವಲ್ಪ ಹೊತ್ತಿಗೆ ಕಹಿ ಏಳುತ್ತದೆ. ಕಾಯಿಸಬೇಡಿ, ಪರಿಮಳ ಹೋಗುತ್ತದೆ. ನಿಂಬೆಯ ಸಲಾಡು ಅರ್ಧ ಗಂಟೆಯೊಳಗೆ ತಟ್ಟೆಗೆ ಬರಬೇಕು. ಇಟ್ಟು ತಿನ್ನುವುದಕ್ಕೆ ವಿನೆಗರೇ ಸರಿ.

ಹುಣಸೆಹಣ್ಣು ನಮ್ಮ ಕಡೆಯ ನಾಲಿಗೆಗೆ ಬೇಗ ಒಗ್ಗುತ್ತದೆ. ಸಣ್ಣ ನಿಂಬೆ ಗಾತ್ರದ ಹಣ್ಣನ್ನು, 20 ಗ್ರಾಂ ಅಂದುಕೊಳ್ಳಿ, ಕಾಲು ಲೋಟ ಬಿಸಿನೀರಿನಲ್ಲಿ 15 ನಿಮಿಷ ನೆನೆಸಿ, ಕಿವುಚಿ ಸೋಸಿ. ಅದಕ್ಕೆ 35 ಗ್ರಾಂ ಬೆಲ್ಲ ಹಾಕಿ ಮೂರು ನಾಲ್ಕು ನಿಮಿಷ ಕುದಿಸಿ. ಚಮಚದ ಹಿಂಬದಿಗೆ ತೆಳುವಾಗಿ ಅಂಟಿಕೊಳ್ಳುವಷ್ಟು ಗಟ್ಟಿಯಾದರೆ ಸಾಕು, ಪೂರ್ತಿ ಆರಿಸಿ. ಬಿಸಿ ರಸ ಸುರಿದರೆ ಸೌತೆ ಬೆಂದಂತಾಗಿ ಕರುಕುರು ಹೋಗುತ್ತದೆ. ತುಮಕೂರು ಮಾರುಕಟ್ಟೆಗೆ ಹೊಸ ಹುಣಸೆ ಬರುವ ಫೆಬ್ರವರಿ-ಮಾರ್ಚ್ ತಿಂಗಳಲ್ಲಿ ರಸ ಕೆಂಪಗೆ, ತಿಳಿಯಾಗಿ ಬರುತ್ತದೆ. ಹಳೇ ಹಣ್ಣಿನ ರಸ ಕಪ್ಪು, ಸೌತೆಯ ಹಸಿರನ್ನು ನುಂಗಿಬಿಡುತ್ತದೆ. ರುಚಿಗೆ ತೊಂದರೆಯಿಲ್ಲ, ನೋಡುವುದಕ್ಕೆ ಅಷ್ಟೊಂದು ಚೆನ್ನಾಗಿರುವುದಿಲ್ಲ.

ಮಾವಿನಕಾಯಿ ಏಪ್ರಿಲ್, ಮೇ ತಿಂಗಳ ಭಾಗ್ಯ. ಶ್ರೀನಿವಾಸಪುರದ ಕಡೆಯ ತೋತಾಪುರಿ ಅರೆಬಲಿತದ್ದು ಸಿಕ್ಕಿದರೆ ಅದರಲ್ಲಿ ಹುಳಿಯೂ ಸಿಹಿಯೂ ಎರಡೂ ಇರುತ್ತವೆ. 100 ಗ್ರಾಂ ತುರಿದು ಹಾಕಿ, ಸಕ್ಕರೆ ಒಂದೇ ದೊಡ್ಡ ಚಮಚ ಸಾಕು, ಮೇಲೆ ಅರ್ಧ ನಿಂಬೆ. ತುರಿಯನ್ನು ಹಿಂಡಬೇಡಿ, ಇಲ್ಲಿ ಅದೇ ರಸ. ಬೇರೆ ಜಾತಿಯ ಕಾಯಿ ಹೆಚ್ಚು ಹುಳಿ. ಮೊದಲು 60 ಗ್ರಾಂ ಹಾಕಿ ನೋಡಿ.

ಇನ್ನೊಂದು ಮಾತು: ಚಿಕ್ಕಬಳ್ಳಾಪುರದ ಕಡೆ ದ್ರಾಕ್ಷಿ ಕಾಲದಲ್ಲಿ ಅದನ್ನೂ ಹಾಕಬಹುದೇ ಎಂದು ಕೇಳುತ್ತಾರೆ. ಬೀಜವಿಲ್ಲದ ಬಿಳಿ ದ್ರಾಕ್ಷಿ ಸೀಳಿ ಹಾಕಿ, ಚೆನ್ನಾಗಿರುತ್ತದೆ. ಬೆಂಗಳೂರು ಬ್ಲೂ ಬೇಡ; ಬೀಜ ಹಲ್ಲಿಗೆ ಸಿಗುತ್ತದೆ, ಸಿಪ್ಪೆಯ ನೇರಳೆ ಬಣ್ಣ ಎಲ್ಲಾ ಬಿಲ್ಲೆಗೂ ಹತ್ತುತ್ತದೆ.

ಅಂಗಡೀಲಿ ಯಾವ ವಿನೆಗರ್ ಕೇಳಲಿ?

ಸಾಮಾನ್ಯ ಬಿಳಿ ವಿನೆಗರ್ ಸಾಕು. ಬಾಟಲಿಯ ಮೇಲೆ ಅಸಿಟಿಕ್ ಆಮ್ಲ ಶೇ 4 ಎಂದೋ 5 ಎಂದೋ ಇರುತ್ತದೆ. ಇಲ್ಲಿನ ಅಳತೆ 4ಕ್ಕೆ ಹೊಂದುವಂಥದ್ದು. 5 ಇದ್ದರೆ ಎರಡೂವರೆ ಚಮಚ ವಿನೆಗರ್, ಅರ್ಧ ಚಮಚ ನೀರು. ಅಕ್ಕಿಯಿಂದ ಮಾಡಿದ ವಿನೆಗರ್ ಸಿಕ್ಕಿದರೆ ಘಾಟು ಕಡಿಮೆ, ಸಕ್ಕರೆಯನ್ನೂ ಅರ್ಧ ಚಮಚ ಇಳಿಸಬಹುದು. ಬರೀ ಅಸಿಟಿಕ್ ಆಮ್ಲ ತಂದು ಮನೆಯಲ್ಲಿ ನೀರು ಬೆರೆಸಿಕೊಳ್ಳುವ ಸಾಹಸ ಬೇಡ. ಗಾಢವಾದದ್ದು ಚರ್ಮ ಸುಡುತ್ತದೆ.

ಸಕ್ಕರೆ ಬದಲು ಬೆಲ್ಲ ಹಾಕಿದ್ರೆ?

ಹುಣಸೆಗೆ ಬೆಲ್ಲ, ವಿನೆಗರ್ ಮತ್ತು ನಿಂಬೆಗೆ ಸಕ್ಕರೆ. ಈ ಜೋಡಿ ಬದಲಾಯಿಸಿದರೆ ಕೆಡುತ್ತದೆ ಎಂದಲ್ಲ, ಆದರೆ ಬೆಲ್ಲದ ಪರಿಮಳ ವಿನೆಗರಿನ ಘಾಟಿನ ಜೊತೆ ಜಗಳವಾಡುತ್ತದೆ. ಬೆಲ್ಲವೇ ಬೇಕೆಂದರೆ 30 ಗ್ರಾಂ ಬೆಲ್ಲವನ್ನು 2 ಚಮಚ ಬಿಸಿನೀರಿನಲ್ಲಿ ಕರಗಿಸಿ, ಸೋಸಿ, ಆರಿಸಿ ಹಾಕಿ. ಸೋಸದಿದ್ದರೆ ತಳದಲ್ಲಿ ಮರಳು ಸಿಗುತ್ತದೆ. ಜೇನುತುಪ್ಪ ಹಾಕುವವರು ಒಂದೂವರೆ ಚಮಚಕ್ಕೆ ನಿಲ್ಲಿಸಿ.

ಹುಳಿ ಜಾಸ್ತಿ ಆಯ್ತು, ಸಿಹಿ ಜಾಸ್ತಿ ಆಯ್ತು, ಉಪ್ಪು ಜಾಸ್ತಿ ಆಯ್ತು. ಸರಿ ಮಾಡೋದು ಹೇಗೆ?

ಹುಳಿ ಹೆಚ್ಚಾದರೆ ಮೊದಲು ಸಕ್ಕರೆಗೆ ಕೈ ಹಾಕಬೇಡಿ, ಒಂದು ಚಿಟಿಕೆ ಉಪ್ಪು ಹಾಕಿ ನೋಡಿ. ಹಿಂಡುವಾಗ ಉಪ್ಪೆಲ್ಲ ಹೋಗಿದ್ದರೆ ಬರೀ ಹುಳಿ ಎದ್ದು ಕಾಣುತ್ತಿರುತ್ತದೆ. ಅದಕ್ಕೂ ಬಗ್ಗದಿದ್ದರೆ ಅರ್ಧ ಚಿಕ್ಕ ಚಮಚ ಸಕ್ಕರೆ. ಸಿಹಿ ಹೆಚ್ಚಾದರೆ ಹುಳಿಗಿಂತ ಖಾರ ಚೆನ್ನಾಗಿ ಕೆಲಸ ಮಾಡುತ್ತದೆ: ಇನ್ನರ್ಧ ಮೆಣಸಿನಕಾಯಿ, ಸ್ವಲ್ಪ ಶುಂಠಿ ತುರಿ. ಉಪ್ಪು ಹೆಚ್ಚಾದದ್ದು ಮಾತ್ರ ರಸದಲ್ಲಿ ಸರಿಯಾಗುವುದಿಲ್ಲ. ಉಪ್ಪು ಹಾಕದ ಇನ್ನೊಂದು ಸೌತೆಕಾಯಿ ಹೆಚ್ಚಿ ಸೇರಿಸಿ, ತಕ್ಷಣ ತಿಂದು ಮುಗಿಸಿ.

ಎಲ್ಲಾ ಸಂದರ್ಭದಲ್ಲೂ ತಣ್ಣಗಿರುವಾಗ ರುಚಿ ನೋಡಿ. ತಣ್ಣಗಾದಾಗ ಸಿಹಿ ನಾಲಿಗೆಗೆ ಕಡಿಮೆ ತಿಳಿಯುತ್ತದೆ. ಹೊರಗೆ ಸರಿಯೆನಿಸಿದ ರಸ ಫ್ರಿಜ್‌ನಿಂದ ಬಂದಾಗ ಹುಳಿ ಎನಿಸುವುದು ಇದರಿಂದಲೇ.

ಒಗ್ಗರಣೆ ಹಾಕಬಹುದಾ?

ಹಾಕಬಹುದು, ಆರಿಸಿ ಹಾಕಿ. 1 ಚಿಕ್ಕ ಚಮಚ ಎಣ್ಣೆ, ಸಾಸಿವೆ, ಕರಿಬೇವು, ಚಿಟಿಕೆ ಇಂಗು. ಎಣ್ಣೆ ಇನ್ನೂ ಹೆಚ್ಚಾದರೆ ಬಿಲ್ಲೆಗೆ ಜಿಡ್ಡು ಸುತ್ತಿಕೊಂಡು ರಸ ಒಳಗಿಳಿಯುವುದಿಲ್ಲ. ಹಾಗಾಗಿ ರಸದಲ್ಲಿ 15 ನಿಮಿಷ ನೆನೆದ ಮೇಲೆಯೇ ಒಗ್ಗರಣೆ.

ಇದಕ್ಕಿಂತ ಸೊಗಸಾದದ್ದು ಹುರಿದ ಕಡಲೆಬೀಜ. ಸಿಪ್ಪೆ ಉಜ್ಜಿ ತೆಗೆದು ತರಿತರಿಯಾಗಿ ಕುಟ್ಟಿದ ಎರಡು ಚಮಚ ಪುಡಿಯನ್ನು ಬಡಿಸುವ ಕ್ಷಣಕ್ಕೆ ಉದುರಿಸಿ. ಮೊದಲೇ ಹಾಕಿದರೆ ರಸ ಹೀರಿ ಮುದ್ದೆಯಾಗುತ್ತದೆ. ಹುರಿದು ಪುಡಿ ಮಾಡಿದ ಹುಚ್ಚೆಳ್ಳೂ ಒಪ್ಪುತ್ತದೆ, ಒಂದು ಚಿಕ್ಕ ಚಮಚ ಸಾಕು, ಮೀರಿದರೆ ಕಹಿ.

ಟೊಮೆಟೊ ಸೇರಿಸಿದ್ರೆ ಏನಾಗುತ್ತೆ? ಈರುಳ್ಳಿ?

ಕೋಲಾರದವರಿಗೆ ಟೊಮೆಟೊ ಬೇಡ ಅನ್ನುವುದು ಕಷ್ಟ. ಆದರೂ ಈ ಸಲಾಡಿಗೆ ಅದು ಮತ್ತಷ್ಟು ನೀರು ತರುತ್ತದೆ. ಹಾಕಲೇಬೇಕೆಂದರೆ ಗಟ್ಟಿ ಹಣ್ಣನ್ನು ಸೀಳಿ, ಬೀಜದ ಲೋಳೆ ಪೂರ್ತಿ ತೆಗೆದು, ಗೋಡೆಯ ಭಾಗ ಮಾತ್ರ ಕಡ್ಡಿ ಕಡ್ಡಿಯಾಗಿ ಹೆಚ್ಚಿ ಬಡಿಸುವಾಗ ಸೇರಿಸಿ. ಈರುಳ್ಳಿಯನ್ನು ತೆಳ್ಳಗೆ ಹೆಚ್ಚಿ ಸಿಹಿ-ಹುಳಿಯ ರಸದಲ್ಲಿ ಹತ್ತು ನಿಮಿಷ ಮೊದಲೇ ನೆನೆಸಿಟ್ಟರೆ ಘಾಟು ಇಳಿದು ನಸುಗೆಂಪಾಗುತ್ತದೆ.

## ಇಡುವುದು, ಬಡಿಸುವುದು, ಹೆಚ್ಚು ಜನಕ್ಕೆ ಮಾಡುವುದು

ಬೆಳಿಗ್ಗೆ ಹಚ್ಚಗೆ ಇತ್ತು, ಸಂಜೆ ಹೊತ್ತಿಗೆ ಮಂಕಾಗಿ ಹಳದಿ ಹಳದಿ ಆಗಿದೆ. ಕೆಟ್ಟಿದೆಯಾ?

ಕೆಟ್ಟಿಲ್ಲ. ಹಸಿರು ಬಣ್ಣಕ್ಕೆ ಕಾರಣವಾದ ಪತ್ರಹರಿತ್ತಿನ ನಡುವೆ ಮೆಗ್ನೀಸಿಯಂ ಇರುತ್ತದೆ. ಹುಳಿ ಅದನ್ನು ಕಿತ್ತುಹಾಕುತ್ತದೆ, ಬಣ್ಣ ಮಾಸಲು ಹಸಿರಿಗೆ ತಿರುಗುತ್ತದೆ. ರುಚಿಗೆ ಏನೂ ಆಗಿಲ್ಲ. ಅಡುಗೆ ಸೋಡಾ ಹಾಕಿದರೆ ಹಸಿರು ಉಳಿಯುತ್ತದೆ ಎಂದು ಕೆಲವರು ಹೇಳುತ್ತಾರೆ. ಉಳಿಯುತ್ತದೆ ನಿಜ, ಹುಳಿ ಸತ್ತುಹೋಗುತ್ತದೆ, ಕಾಯಿ ಮೆತ್ತಗಾಗುತ್ತದೆ. ನೆಂಟರು ಬರುವ ದಿನ ಬಣ್ಣ ಬೇಕೆಂದರೆ ಉಪ್ಪು ಹಾಕಿ ಹಿಂಡಿದ ಬಿಲ್ಲೆಯನ್ನು ಒಂದು ಡಬ್ಬಿಯಲ್ಲಿ, ರಸವನ್ನು ಇನ್ನೊಂದರಲ್ಲಿ ಫ್ರಿಜ್‌ನಲ್ಲಿಟ್ಟು ಊಟಕ್ಕೆ ಕಾಲು ಗಂಟೆ ಮುಂಚೆ ಸೇರಿಸಿ.

ನಿಜವಾಗಿ ಕೆಟ್ಟಿದ್ದರೆ ಗುರುತು ಬೇರೆ: ಬಿಲ್ಲೆ ಲೋಳೆಯಾಗಿ ಬೆರಳಿಗೆ ಅಂಟುತ್ತದೆ, ರಸದ ಮೇಲೆ ನೊರೆ ಕಟ್ಟುತ್ತದೆ, ಮುಗ್ಗಲು ವಾಸನೆ ಬರುತ್ತದೆ.

ಫ್ರಿಜ್‌ನಲ್ಲಿ ಎಷ್ಟು ದಿನ ಇಡಬಹುದು? ಆಫೀಸಿಗೆ ಡಬ್ಬಿಗೆ ಆಗುತ್ತಾ?

ವಿನೆಗರಿನದ್ದು ಎರಡು ದಿನ, ಹುಣಸೆಯದ್ದು ಒಂದು ದಿನ, ನಿಂಬೆಯದ್ದು ಅವತ್ತಿಗೇ. ಮೊದಲ ದಿನ ಕರುಕುರು, ಎರಡನೇ ದಿನ ಉಪ್ಪಿನಕಾಯಿಯ ಹಾದಿ. ಇದನ್ನು ಉಪ್ಪಿನಕಾಯಿಯೆಂದು ತಿಳಿದು ಹೊರಗೆ ವಾರಗಟ್ಟಲೆ ಇಡಬೇಡಿ. ಇದರಲ್ಲಿನ ಉಪ್ಪು, ಹುಳಿ ಅದಕ್ಕೆ ಸಾಲದು. ಡಬ್ಬಿಗೆ ಹಾಕುವಾಗ ರಸದಿಂದ ಎತ್ತಿ, ಬರೀ ಬಿಲ್ಲೆಗಳನ್ನು ಹಾಕಿ. ಬೇಸಿಗೆಯಲ್ಲಿ ಬೆಳಿಗ್ಗೆ ಎಂಟಕ್ಕೆ ಕಟ್ಟಿದ್ದನ್ನು ಮಧ್ಯಾಹ್ನ ಒಂದಕ್ಕೆ ತಿನ್ನಬಹುದು, ಆದರೆ ಮೊಸರು, ಕಾಯಿತುರಿ, ಕಡಲೆಬೀಜದ ಪುಡಿ ಬೆರೆಸಿದ್ದನ್ನು ಕಟ್ಟಬೇಡಿ.

ಹಿತ್ತಾಳೆ ಪಾತ್ರೇಲಿ ಕಲಸಿದ್ದೆ, ಏನೋ ಒಂಥರಾ ರುಚಿ.

ಹುಳಿಗೆ ಹಿತ್ತಾಳೆ, ತಾಮ್ರ ಕಿಲುಬುತ್ತವೆ. ಕಲಾಯಿ ಇಲ್ಲದ ಪಾತ್ರೆಯಾದರೆ ಆ ಸಲಾಡನ್ನು ಬಿಸಾಡುವುದೇ ಕ್ಷೇಮ. ಅಲ್ಯೂಮಿನಿಯಂ ಕೂಡ ಬೇಡ. ಸ್ಟೀಲ್, ಗಾಜು, ಪಿಂಗಾಣಿ ಮೂರರಲ್ಲಿ ಯಾವುದಾದರೂ ಸರಿ.

ಶುಗರ್ ಇದೆ, ಬಿಪಿ ಇದೆ. ತಿನ್ನಬಹುದಾ?

ಸೌತೆಕಾಯಿಯಿಂದ ತೊಂದರೆಯಿಲ್ಲ, ನೋಡಬೇಕಾದ್ದು ಮೇಲಿನಿಂದ ಹಾಕಿದ್ದನ್ನು. ಈ ಅಳತೆಯಲ್ಲಿ ಒಬ್ಬರ ಪಾಲಿಗೆ ಸುಮಾರು 6 ಗ್ರಾಂ ಸಕ್ಕರೆ ಬರುತ್ತದೆ. ರಸ ತಟ್ಟೆಯಲ್ಲೇ ಬಿಟ್ಟರೆ ಇನ್ನೂ ಕಡಿಮೆ. ಸಕ್ಕರೆ ಒಂದು ಚಮಚಕ್ಕಿಳಿಸಿ ವಿನೆಗರನ್ನೂ ಎರಡಕ್ಕಿಳಿಸಿ. ಒಂದನ್ನು ಮಾತ್ರ ಇಳಿಸಿದರೆ ಹುಳಿ ಮುಖ ಹಿಂಡಿಸುತ್ತದೆ. ಬೆಲ್ಲ ಹಾಕಿದರೆ ಶುಗರ್ ಏರುವುದಿಲ್ಲ ಎನ್ನುವುದು ಸುಳ್ಳು. ಬಿಪಿ ಇರುವವರು ಹಿಂಡಿದ ಬಿಲ್ಲೆಯನ್ನು ಎರಡು ಸಲ ನೀರಿನಲ್ಲಿ ಅಲುಗಿಸಿ ಹಿಂಡಿ. ಮೂತ್ರಪಿಂಡದ ಕಾಯಿಲೆಗೆ ಪಥ್ಯದಲ್ಲಿರುವವರು ಡಾಕ್ಟರನ್ನು ಕೇಳಿಯೇ ತಿನ್ನಬೇಕು.

ಮುದ್ದೆ ಊಟಕ್ಕೆ ಹೊಂದುತ್ತಾ? ಯಾವುದರ ಜೊತೆ ಚೆನ್ನ?

ಖಾರ, ಜಿಡ್ಡು ಇರುವ ಕಡೆ ಇದು ಗೆಲ್ಲುತ್ತದೆ. ಹುರುಳಿ ಸಾರು, ಬಸ್ಸಾರು ಮುದ್ದೆಗೆ ಪಕ್ಕದಲ್ಲಿ ಎರಡು ಚಮಚ ಇಟ್ಟುಕೊಳ್ಳಿ. ದೊನ್ನೆ ಬಿರಿಯಾನಿಗೆ, ನಾಟಿ ಕೋಳಿ ಸಾರಿಗೆ, ಕಬಾಬಿಗೆ ಮೊಸರು ಬಜ್ಜಿಗಿಂತ ಇದೇ ಮೇಲು ಎನ್ನುವವರಿದ್ದಾರೆ; ನಮ್ಮ ಅಭಿಪ್ರಾಯವೂ ಅದೇ. ಹುಳಿಸಾರು, ಪುಳಿಯೋಗರೆ ಇರುವ ದಿನ ಮಾಡಬೇಡಿ. ಹುಳಿಯ ಪಕ್ಕ ಹುಳಿ ಕೂತರೆ ಎರಡೂ ಸಪ್ಪೆ.

ಬೀಗರೂಟಕ್ಕೆ ಐವತ್ತು ಜನಕ್ಕೆ ಮಾಡಬೇಕು. ಹತ್ತರಿಂದ ಗುಣಿಸಿದ್ರೆ ಸಾಕಾ?

ಸೌತೆಗೂ ಉಪ್ಪಿಗೂ ಸಾಕು, ಕ್ರಮಕ್ಕೆ ಸಾಲದು. 5 ಕೆಜಿ ಸೌತೆಕಾಯಿ, 60 ಗ್ರಾಂ ಉಪ್ಪು, 250 ಗ್ರಾಂ ಸಕ್ಕರೆ, 450 ಮಿ.ಲೀ. ವಿನೆಗರ್, 10 ಮೆಣಸಿನಕಾಯಿ. ತಲೆಗೆ 100 ಗ್ರಾಂ ಕಾಯಿಯ ಲೆಕ್ಕ. ಕಹಿ ಕಾಯಿಗಳಿಗೆಂದು ಅರ್ಧ ಕೆಜಿ ಹೆಚ್ಚಿಗೆ ತನ್ನಿ.

ರಾಶಿ ದೊಡ್ಡದಾದಷ್ಟೂ ಮೇಲಿನದಕ್ಕೆ ಉಪ್ಪು ತಗಲುವುದಿಲ್ಲ, ಕೆಳಗಿನದು ಉಪ್ಪುನೀರಿನಲ್ಲಿ ಮುಳುಗುತ್ತದೆ. ಒಂದೊಂದು ಕೆಜಿಗೆ 12 ಗ್ರಾಂ ಉಪ್ಪು ಬೇರೆ ಬೇರೆ ಬೆರೆಸಿ, ಆಮೇಲೆ ಒಟ್ಟು ಮಾಡಿ. ಕೈಯಲ್ಲಿ ಹಿಂಡುತ್ತಾ ಕೂತರೆ ಮಧ್ಯಾಹ್ನವಾಗುತ್ತದೆ. ಒಗೆದ ತೆಳು ಪಂಚೆಯಲ್ಲಿ ಗಂಟು ಕಟ್ಟಿ, ತೂತಿನ ಬುಟ್ಟಿಯಲ್ಲಿಟ್ಟು, ಮೇಲೊಂದು ತಟ್ಟೆ, ಅದರ ಮೇಲೆ ನೀರು ತುಂಬಿದ ಬಿಂದಿಗೆ ಹೇರಿ ಅರ್ಧ ಗಂಟೆ ಬಿಡಿ.

ರಸವನ್ನು ಬೇರೆಯಾಗಿಟ್ಟು, ಒಂದೊಂದು ಪಂಕ್ತಿಗೆ ಬೇಕಾದಷ್ಟನ್ನು ಮಾತ್ರ ಕಾಲು ಗಂಟೆ ಮೊದಲು ಕಲಸಿ. ಎಲ್ಲವನ್ನೂ ಒಟ್ಟಿಗೆ ಕಲಸಿಟ್ಟರೆ ಮೊದಲ ಪಂಕ್ತಿಗೆ ಸಿಕ್ಕಿದ್ದು ಮೂರನೇ ಪಂಕ್ತಿಗೆ ಸಿಗುವುದಿಲ್ಲ. ಬಡಿಸುವವರ ಕೈಗೆ ತೂತಿನ ಸೌಟು ಕೊಡಿ. ಬಾಳೆಎಲೆಯ ಮೇಲೆ ರಸ ಬಿದ್ದರೆ ಅದು ನೇರ ಓಡುವುದು ಪಕ್ಕದ ಪಲ್ಯಕ್ಕೆ, ಅಲ್ಲಿಂದ ಸಿಹಿಗೆ.

## ಇನ್ನೂ ಮುಂದಕ್ಕೆ

ಜಜ್ಜಿ ಮಾಡೋ ಚೈನೀಸ್ ಥರದ್ದು, ಜಪಾನಿನದ್ದು, ಥಾಯ್ ಅಂತ ಇದೆಯಲ್ಲ, ಎಲ್ಲಾ ಒಂದೇನಾ?

ನೀರಿನ ವಿಷಯದಲ್ಲಿ ಒಬ್ಬೊಬ್ಬರದು ಒಂದೊಂದು ದಾರಿ. ಜಪಾನಿನ ಸುನೊಮೊನೊ ನಮ್ಮ ಮೇಲಿನ ವಿಧಾನಕ್ಕೆ ಹತ್ತಿರ: ಕಾಗದದಂತೆ ತೆಳುವಾಗಿ ಹೆಚ್ಚಿ, ಉಪ್ಪು ಹಾಕಿ ಹಿಂಡಿ, ಅಕ್ಕಿ ವಿನೆಗರ್, ಸಕ್ಕರೆ, ಸ್ವಲ್ಪ ಸೋಯಾ ಸಾಸ್. ಚೀನಾದಲ್ಲಿ ಕಾಯಿಯನ್ನು ಅಗಲ ಚಾಕುವಿನ ಹೊರಮೈಯಿಂದ ಗುದ್ದಿ ಬಿರುಕು ಬಿಡಿಸುತ್ತಾರೆ. ಆ ಸೀಳುಗಳಲ್ಲಿ ಬೆಳ್ಳುಳ್ಳಿ, ವಿನೆಗರ್, ಸೋಯಾ, ಎಳ್ಳೆಣ್ಣೆ ಹಿಡಿದು ಕೂರುತ್ತದೆ. ಮನೆಯಲ್ಲಿ ಲಟ್ಟಣಿಗೆಯಿಂದ ಒಂದೇ ಏಟು ಕೊಟ್ಟರೆ ಸಾಕು, ಪಚ್ಚಡಿ ಮಾಡಬೇಡಿ. ಥಾಯ್ಲೆಂಡಿನ ಅಜಾದ್‌ನಲ್ಲಿ ಹಿಂಡುವುದೇ ಇಲ್ಲ. ವಿನೆಗರ್, ಸಕ್ಕರೆ, ಉಪ್ಪನ್ನು ಕುದಿಸಿ ಪಾಕದಂತೆ ಮಾಡಿ, ಆರಿಸಿ, ಸೌತೆ, ಸಣ್ಣ ಈರುಳ್ಳಿ, ಮೆಣಸಿನಕಾಯಿ ಮೇಲೆ ಸುರಿಯುತ್ತಾರೆ. ಸಾತೆ ಎಂಬ ಕಡ್ಡಿಗೆ ಚುಚ್ಚಿ ಸುಟ್ಟ ಮಾಂಸದ ಜೊತೆ ಅದನ್ನು ಕೊಡುತ್ತಾರೆ. ಗಟ್ಟಿ ಪಾಕವಾದ್ದರಿಂದ ಸೌತೆ ನೀರು ಬಿಟ್ಟರೂ ರುಚಿ ತೆಳುವಾಗುವುದಿಲ್ಲ, ಆದರೆ ಸಕ್ಕರೆ ಬಹಳ.

ನಮ್ಮ ಹೊಲದಲ್ಲಿ ಕಂಪನಿಗೆ ಮಿಡಿಸೌತೆ ಬೆಳೀತೀವಿ. ಅದರಲ್ಲಿ ಮಾಡಬಹುದಾ?

ಖಂಡಿತ. ಗರ್ಕಿನ್ ಎಂದು ಕರೆಯುವ ಮಿಡಿಸೌತೆಯೂ ಸೌತೆಕಾಯಿಯ ಜಾತಿಯೇ, ಎಳೆಯದಿರುವಾಗಲೇ ಕೀಳುತ್ತಾರೆ. ನಮ್ಮ ರಾಜ್ಯದಲ್ಲಿ 1990ರ ದಶಕದ ಆರಂಭದಲ್ಲಿ ಇದರ ಬೇಸಾಯ ಶುರುವಾಯಿತು; ಬೆಳೆದದ್ದರಲ್ಲಿ ಬಹುಪಾಲು ಉಪ್ಪುನೀರಿನಲ್ಲೋ ವಿನೆಗರಿನಲ್ಲೋ ಹೊರದೇಶಕ್ಕೆ ಹೋಗುತ್ತದೆ. ಗಾತ್ರ ಮೀರಿತೆಂದು ವಾಪಸ್ ಬಿದ್ದ ಕಾಯಿ ಈ ಸಲಾಡಿಗೆ ಹೇಳಿ ಮಾಡಿಸಿದ್ದು: ತಿರುಳು ಗಟ್ಟಿ, ಬೀಜ ಇನ್ನೂ ಎಳೆಯದು. ಮೈಮೇಲಿನ ಮುಳ್ಳನ್ನು ಒರಟು ಬಟ್ಟೆಯಲ್ಲಿ ಉಜ್ಜಿ ತೆಗೆಯಿರಿ, ಎರಡೂ ತುದಿ ಕತ್ತರಿಸಿ. ಹೂವಿನ ಕಡೆಯ ತುದಿಯಲ್ಲಿ ಕಾಯಿಯನ್ನು ಮೆತ್ತಗೆ ಮಾಡುವ ಕಿಣ್ವಗಳಿರುತ್ತವೆ, ಉಪ್ಪಿನಕಾಯಿ ಹಾಕುವವರು ಅದನ್ನು ಬಿಡುವುದೇ ಇಲ್ಲ.

ಉಪ್ಪು ಹಾಕಿ ಇಡುವ ಹೊತ್ತು 30 ನಿಮಿಷಕ್ಕೆ ಏರಿಸಿ, ಸಿಪ್ಪೆ ಬಿಗಿ. ಔಷಧಿ ಹೊಡೆದು ಎಷ್ಟು ದಿನವಾಯಿತು ಎನ್ನುವುದನ್ನು ಮಾತ್ರ ಮರೆಯಬೇಡಿ. ಔಷಧಿ ಬಾಟಲಿಯ ಮೇಲೆ ಕೊಯ್ಲಿಗೆ ಎಷ್ಟು ದಿನ ಕಾಯಬೇಕೆಂದು ಬರೆದಿರುತ್ತದೆ, ಮನೆಗೆ ಕೀಳುವ ಕಾಯಿಗೂ ಅದೇ ಲೆಕ್ಕ.